ಯಾರೂ ತೆಗೆದುಕೊಳ್ಳದ ಹೆಸರು

ಮೆತ್ವಲ್ಲಿ ಎಂಬವನು ಮೊದಲ ಸಲ ಆ ಮನೆಯ ಹೊಸ್ತಿಲಿಗೆ ಬಂದದ್ದು ಒಂದು ಮಂಗಳವಾರ, ಮಧ್ಯಾಹ್ನದ ನಮಾಜು ಮುಗಿಸಿ ಜನ ಬೀದಿಯಲ್ಲಿ ಚಪ್ಪಲಿ ಎಳೆಯುತ್ತ ಹೋಗುತ್ತಿದ್ದ ಹೊತ್ತಿಗೆ. ಉಮ್ಮ್ ಅತಿಯ್ಯಾ ಕೆಳಗಿನ ಮೆಟ್ಟಿಲ ಮೇಲೆ ಕೂತು ಬಾತುಕೋಳಿಯ ಪುಕ್ಕ ಕೀಳುತ್ತಿದ್ದಳು. ಅವನು ಎಡಗೈ ಎತ್ತಿ ಸಲಾಮು ಹೇಳಿದ. ಬಲಗೈ ನಿಲುವಂಗಿಯ ಜೇಬಿನಲ್ಲೇ ಇತ್ತು. ಎಡಗೈ ಸಲಾಮು ಅವಳಿಗೆ ಹಿಡಿಸಲಿಲ್ಲ. ಪುಕ್ಕ ಕೀಳುವುದನ್ನು ನಿಲ್ಲಿಸಲಿಲ್ಲ.

ಕೆಳಗಿನ ಕೋಣೆ ಬಾಡಿಗೆಗೆ ಇದೆಯೆಂದು ಕೇಳಿ ಬಂದಿದ್ದ. ಅದು ಅವಳ ಗಂಡ ಕುರ್ಚಿ ಸೋಫಾಗಳಿಗೆ ಪಾಲಿಶ್ ಹಚ್ಚುತ್ತಿದ್ದ ಕೋಣೆ. ಅವನು ತೀರಿಕೊಂಡು ಆರು ವರ್ಷವಾಗಿದ್ದರೂ ಗೋಡೆಯಿಂದ ಅರಗಿನ ವಾಸನೆ ಹೋಗಿರಲಿಲ್ಲ. ಅವಳು ಒಂದೊಂದಾಗಿ ವಿಚಾರಿಸಿದಳು. ಊರು ಮಹಲ್ಲಾ. ಕಸುಬು ಮರದ ಕೆತ್ತನೆ. ಮರಗೆಲಸಕ್ಕೆ ಹೆಸರಾದ ಈ ದಿಮ್ಯಾತ್ ಊರಿಗೆ ಬಂದು ಹದಿನೆಂಟು ವರ್ಷ. ಹೆಂಡತಿ ಅಣ್ಣನ ಮನೆಯಲ್ಲಿದ್ದಾಳೆ. ಯಾಕೆ ಅಣ್ಣನ ಮನೆಯಲ್ಲಿ ಎಂದು ಕೇಳಿದಾಗ ಅವನು ಜೇಬಿನಿಂದ ಬಲಗೈ ತೆಗೆದು ತೋರಿಸಿದ. ಕಿರುಬೆರಳೂ ಪಕ್ಕದ ಬೆರಳೂ ಬುಡದಿಂದಲೇ ಇರಲಿಲ್ಲ. ಮೋಟಾರು ಗರಗಸ ತಿಂದಿತ್ತು. ಉಳಿ ಹಿಡಿಯಲಾಗದ ಗಂಡಸನ್ನು ಹೆಂಡತಿ ಎರಡು ವರ್ಷ ನೋಡಿ, ಮೂರನೆಯ ವರ್ಷ ಹಾಸಿಗೆ ಸುತ್ತಿಕೊಂಡು ಹೋಗಿದ್ದಳು.

ಅವಳು ಚಹಾ ಕೊಡಲಿಲ್ಲ. ಹತ್ತು ನಿಮಿಷ ಕಾದು ಅವನೇ ನಕ್ಕ. "ನಿಮ್ಮೂರಲ್ಲಿ ನೆಂಟರನ್ನ ಕೇಳ್ತಾರಂತಲ್ಲ, ಊಟ ಮಾಡ್ತೀರೋ, ಇಲ್ಲ ಖಾಲಿ ಹೊಟ್ಟೇಲಿ ಹಗುರವಾಗಿ ಮಲಗ್ತೀರೋ ಅಂತ. ನಿಜವೇ ಅದು?"

"ಹಗುರವಾಗಿ ಮಲಗಿದವ್ರು ಬೆಳಿಗ್ಗೆ ಬೇಗ ಏಳ್ತಾರೆ, ಉಸ್ತಾ," ಅಂದಳು ಅವಳು. ಉಸ್ತಾ ಎಂದರೆ ಕಸುಬುದಾರನಿಗೆ ಕೊಡುವ ಮರ್ಯಾದೆ. ಆ ದಿನ ಅವಳು ಅದನ್ನಿನ್ನೂ ಕೊಡುತ್ತಿದ್ದಳು.

ಕೋಣೆ ಕೊಟ್ಟಳು, ನಂಬಿಕೆ ಕೊಡಲಿಲ್ಲ. ಬಂದವನು ಉಳಿಯ ಚೀಲ ತಂದು ಮೊಳೆಗೆ ನೇತುಹಾಕಿದ, ಒಂದು ದಿನವೂ ಬಿಚ್ಚಲಿಲ್ಲ. ಕೋಣೆಯಿಂದ ಸುತ್ತಿಗೆಯ ಸದ್ದಿಲ್ಲ, ಗರಗಸದ ಸದ್ದಿಲ್ಲ. ಗಂಡಸೊಬ್ಬ ಹಗಲಿಡೀ ಬಾಗಿಲು ಮುಂದೆ ಮಾಡಿಕೊಂಡು ಏನು ಮಾಡುತ್ತಾನೆ? ಮೂರನೆಯ ಮೆಟ್ಟಿಲ ಮೇಲೆ ಕೂತರೆ ಕಿಟಕಿಯ ಮುರಿದ ಪಟ್ಟಿಯೊಳಗಿಂದ ಕೆಲಸದ ಮೇಜು ಕಾಣುತ್ತಿತ್ತು. ಅವಳು ಅಲ್ಲಿ ಕೂತು ಅಕ್ಕಿ ಆರಿಸಿದಳು, ಬೆಂಡೆಕಾಯಿ ತೊಟ್ಟು ಕತ್ತರಿಸಿದಳು, ಹರಿದದ್ದು ಹೊಲಿದಳು. ನೋಡುವುದಕ್ಕೆ ಅವಳಿಗೆ ಅವಸರವಿರಲಿಲ್ಲ.

ಮೇಜಿನ ಮೇಲೆ ಒಂದೇ ಒಂದು ಫೋನು. ಅದರೊಳಗೆ ಒಂದು ಕೋಟೆಯ ಆಟ. ಕೋಟೆ ಕಟ್ಟಬೇಕು, ಗೋಧಿ ಬೆಳೆಯಬೇಕು, ಸೈನ್ಯ ಸಾಕಬೇಕು, ಬೇರೆಯವರ ಮೇಲೆ ಬೀಳಬೇಕು. ಒಬ್ಬನಿಗೆ ಒಂದು ಕೋಟೆ ಎಂಬುದು ಲೆಕ್ಕ. ಆದರೆ ಆ ಫೋನಿಗೆ ಒಂದು ಆಟವನ್ನು ಅವಳಿಜವಳಿ ಮಾಡುವ ವಿದ್ಯೆ ಗೊತ್ತಿತ್ತು. ಒಂದು ಎರಡಾಗುತ್ತಿತ್ತು. ಆಮೇಲೆ ಅವನು ಇನ್ನೊಂದು ಆ್ಯಪು ಹಾಕಿ ಎರಡನ್ನು ಏಳು ಮಾಡಿದ. ಏಳಕ್ಕೂ ಬೇರೆ ಬೇರೆ ಮೇಲ್ ವಿಳಾಸ, ಬೇರೆ ಬೇರೆ ಪಾಸ್‌ವರ್ಡು. ಎಲ್ಲವನ್ನೂ ಒಂದು ನೋಟ್‌ಬುಕ್ಕಿನಲ್ಲಿ, ಒಂದು ಕೋಟೆಗೆ ಒಂದು ಪುಟದಂತೆ, ಎಡಗೈಯ ಸೊಟ್ಟ ಅಕ್ಷರದಲ್ಲಿ ಬರೆದು ಉಳಿಯ ಚೀಲದ ಪಕ್ಕ ನೇತುಹಾಕಿದ. ಫೋನಿನ ಪರದೆಯ ಮೇಲೆ, ಕೋಟೆಗೊಂದರಂತೆ, ಏಳು ಗುಂಡು ಮುಖದ ಚಿತ್ರಗಳು ಸಾಲಾಗಿ ನಿಂತವು. ಬೆಳಿಗ್ಗೆ ಮೊದಲನೆಯದರಿಂದ ಶುರು ಮಾಡಿ ಏಳನೆಯದಕ್ಕೆ ಬರುವಷ್ಟರಲ್ಲಿ ಅವನ ಚಹಾ ಆರಿರುತ್ತಿತ್ತು. ಒಂದರಲ್ಲಿ ಗೋಧಿ ಕೊಯ್ದು, ಇನ್ನೊಂದರಲ್ಲಿ ಬಿತ್ತಿ, ಮೂರನೆಯದಕ್ಕೆ ಎಂಟು ತಾಸಿನ ರಕ್ಷಣೆ ಹೊದಿಸಿ ಮುಂದಕ್ಕೆ ಹೋಗುತ್ತಿದ್ದ. ಇದ್ದ ಎಂಟು ಬೆರಳಲ್ಲಿ ಕೆಲಸ ಮಾಡುತ್ತಿದ್ದದ್ದು ಎರಡು ಹೆಬ್ಬೆರಳು ಮಾತ್ರ. ಅವುಗಳ ಓಟ ನೋಡಿದರೆ ಒಳ್ಳೆಯ ಕೆತ್ತನೆಗಾರನೇ ಇದ್ದಿರಬೇಕು ಎಂದು ಅವಳಿಗೂ ಅನಿಸಿತು.

ಅವಳಿಗೆ ಆಗದೇ ಇದ್ದದ್ದು ಇನ್ನೊಂದು. ಏಳರಲ್ಲಿ ಮೊದಲನೆಯದು ಯಜಮಾನ. ಅದರ ಹೆಸರು ದಿಮ್ಯಾತ್‌ನ ಸಿಂಹ. ಉಳಿದ ಆರು ಅದಕ್ಕೆ ಉಣಿಸುವುದಕ್ಕೆಂದೇ ಹುಟ್ಟಿದವು. ಇಳಿಹಗಲಿನ ಅಸರ್ ನಮಾಜಿನ ಹೊತ್ತಿಗೆ ಅವನು ಆರರ ಮೇಲಿನ ರಕ್ಷಣೆ ತೆಗೆದು, ಸಿಂಹದ ಸೈನ್ಯವನ್ನು ಅವುಗಳ ಮೇಲೆ ತಾನೇ ಬಿಡುತ್ತಿದ್ದ. ಬೆಳೆದದ್ದೆಲ್ಲ ಲೂಟಿ. ಗೋಡೆಗೆ ಬೆಂಕಿ. ಮಾರನೆಯ ದಿನ ಮತ್ತೆ ಬಿತ್ತನೆ. ಹೊಟ್ಟೆಗೆ ಹಾಕಿ ಸಾಕಿ, ಸಾಯಂಕಾಲ ಅದೇ ಹೊಟ್ಟೆ ಬಗೆಯುವುದು ಯಾವ ಬಾಳು ಎಂದು ಅವಳು ಒಮ್ಮೆ ಕಿಟಕಿಯಿಂದಲೇ ಕೇಳಿದಳು. ಅದು ಆಟ, ಉಮ್ಮ್ ಅತಿಯ್ಯಾ, ಅವಕ್ಕೆ ನೋವಾಗುವುದಿಲ್ಲ ಎಂದ ಅವನು, ತಲೆ ಎತ್ತದೆ.

ನೋವು ಯಾರಿಗೆ ಎಂಬುದು ಬೀದಿಯ ರೊಟ್ಟಿ ಅಂಗಡಿಯ ಒಲೆಯ ಹತ್ತಿರ ತಿಳಿಯಿತು.

ಅವಳು ಹೆಂಗಸರ ಸಾಲಿನಲ್ಲಿ ನಿಂತಿದ್ದಳು. ಪಕ್ಕದ ಗಂಡಸರ ಸಾಲಿನಲ್ಲಿ ಕ್ಷೌರಿಕ ಜಗ್‌ಲೂಲ್ ಯಾರೊಡನೆಯೋ ಹರಟುತ್ತಿದ್ದ. ಅವನೂ ಅದೇ ಆಟದವನು, ಮೆತ್ವಲ್ಲಿಯ ಪಡೆಯವನು. "ನಿನ್ನೆ ನಫೂಸಾ ಮತ್ತೆ ಬಾಯಿ ಬಿಡ್ಲಿಲ್ಲ ಕಣಯ್ಯಾ," ಅಂದ. "ಸಿಂಹ ಬಂದ, ಇದ್ದಿದ್ದೆಲ್ಲಾ ಬಳಕೊಂಡ, ಬೆಂಕಿ ಇಟ್ಟು ಹೋದ. ಪಾಪ, ದಿನಾ ಸಂಜೆ ಬಾಗಿಲು ತೆಗೆದೇ ಕೂತಿರ್ತಾಳೆ."

ಇಬ್ಬರೂ ನಕ್ಕರು. ಉಮ್ಮ್ ಅತಿಯ್ಯಾಳ ಕೈಯಲ್ಲಿದ್ದ ಬಿಸಿ ರೊಟ್ಟಿ ಚರ್ಮ ಸುಡುತ್ತಿದ್ದರೂ ಅವಳಿಗೆ ಗೊತ್ತಾಗಲಿಲ್ಲ. ನಫೂಸಾ ಅವಳ ಹೆಸರು. ಅಪ್ಪ ಕರೆದ ಹೆಸರು, ಮದುವೆಯ ಕಾಗದದಲ್ಲಿರುವ ಹೆಸರು. ಗಂಡ ಕೂಡ ನಾಲ್ಕು ಗೋಡೆಯ ಆಚೆ ಅದನ್ನು ಉಚ್ಚರಿಸಿದವನಲ್ಲ. ಉಮ್ಮ್ ಅತಿಯ್ಯಾ ಎಂದರೆ ಅತಿಯ್ಯಾನ ತಾಯಿ; ಮಗ ಅತಿಯ್ಯಾ ಹುಟ್ಟಿ ಒಂಬತ್ತು ತಿಂಗಳು ಬದುಕಿದ. ಆ ಒಂಬತ್ತು ತಿಂಗಳ ಕೂಸು ಬಿಟ್ಟುಹೋದ ಹೆಸರಿನ ಮರೆಯಲ್ಲಿ ಅವಳು ನಲವತ್ತೊಂದು ವರ್ಷ ಮರ್ಯಾದೆಯಿಂದ ಬೀದಿಯಲ್ಲಿ ನಡೆದಿದ್ದಳು. ಈಗ ಆ ಮರೆಯನ್ನು ಯಾರೋ ಕಿತ್ತು ಎಸೆದಿದ್ದರು.

ನೆಟ್ಟಗೆ ಬಂದು ಕೋಣೆಯ ಬಾಗಿಲು ತಳ್ಳಿದಳು. ಆ ಹೆಸರು ಎಲ್ಲಿಂದ ಸಿಕ್ಕಿತು ಎಂದು ಕೇಳಿದಳು. ಅವನು ಮುಚ್ಚಿಡಲಿಲ್ಲ. ಕರೆಂಟ್ ಬಿಲ್ಲಿನ ಮೇಲೆ ಇತ್ತಂತೆ. ಕೋಟೆಗೆ ಹೆಸರಿಡುವಾಗ ಯಾವ ಹೆಸರು ಹಾಕಿದರೂ ಆಟ ಬೇಡವೆನ್ನುತ್ತದಂತೆ. ಸಿಂಹ, ಹುಲಿ, ಗಿಡುಗ, ಸುಲ್ತಾನ ಎಲ್ಲವನ್ನೂ ಲೋಕದ ಹುಡುಗರು ಮೊದಲೇ ತೆಗೆದುಕೊಂಡಿದ್ದಾರಂತೆ. ಹಳೇ ಕಾಲದ ಹೆಂಗಸರ ಹೆಸರು ಮಾತ್ರ ಯಾರಿಗೂ ಬೇಡವಾಗಿ ಬಿದ್ದಿವೆಯಂತೆ. ಹಾಗೆಂದೇ ಅವನ ಕೋಟೆಗಳಲ್ಲಿ ಖದ್ರಾ ಇದ್ದಳು, ಸಿತ್ತುದ್ದಾರ್ ಇದ್ದಳು, ಕೊನೆಯದಾಗಿ, ಏಳನೆಯ ಮುಖವಾಗಿ, ನಫೂಸಾ.

"ಇಡೀ ಪ್ರಪಂಚದಲ್ಲಿ ಒಬ್ಬರೂ ತಗೊಂಡಿರ್ಲಿಲ್ಲ," ಅಂದ. "ಹಾಕಿದ್ ಕೂಡ್ಲೇ ಒಪ್ಕೊಂತು. ಗೌರವ ಅಂದ್ಕೊಳ್ಳಿ, ದೊಡ್ಡಮ್ಮ."

"ತೆಗಿ ಅದನ್ನ."

ತೆಗೆಯಲು ಬರುವುದಿಲ್ಲ ಎಂದ. ಹೆಸರು ಬದಲಿಸಲು ಆಟದೊಳಗೆ ಒಂದು ಚೀಟಿ ಬೇಕು. ಅವನ ಹತ್ತಿರ ಇದ್ದದ್ದು ಒಂದೇ ಚೀಟಿ. ಸಿಂಹ ಇಡೀ ಪ್ರಾಂತ್ಯ ಗೆದ್ದ ದಿನ ಅವನನ್ನು ದಿಮ್ಯಾತ್‌ನ ಸುಲ್ತಾನ ಎಂಬ ಹೆಸರಿಗೆ ಏರಿಸಲು ಇಟ್ಟುಕೊಂಡದ್ದು. ಅವಳು ಮತ್ತೆ ಹೇಳಿದಳು. ಅವನು ಮತ್ತೆ ನಕ್ಕ. ಓದು ಬಾರದವರಿಗೆ ಹೆಸರಿನ ಗೊಡವೆ ಏಕೆ, ಅಕ್ಷರ ನೋಡಿದರೂ ಅದು ನಿಮ್ಮದೆಂದು ಗುರುತು ಸಿಗುವುದಿಲ್ಲ ಎಂದ.

ಅಂದಿನಿಂದ ಅವಳು ಅವನನ್ನು ಉಸ್ತಾ ಎನ್ನಲಿಲ್ಲ. ಮೆಟ್ಟಿಲ ಬಳಿಯ ನೀರಿನ ನಲ್ಲಿ ಮುಚ್ಚಿಸಿದಳು. ಅವನು ಅವಳ ಬಾತುಕೋಳಿಗಳ ಗೂಡಿನ ಮುಂದೆ ಸಿಗರೇಟು ತುಂಡುಗಳನ್ನು ಎಸೆದ. ಅವಳು ಆ ತುಂಡುಗಳನ್ನು ಆರಿಸಿ ಅವನ ಹೊಸ್ತಿಲ ಮೇಲೆ ಸಾಲಾಗಿ ಇಟ್ಟಳು, ಹನ್ನೊಂದಿದ್ದವು. ಐದು ವಾರ ಹೀಗೆ ನಡೆಯಿತು. ರೊಟ್ಟಿಯ ಸಾಲಿಗೆ ಅವಳು ಜಗ್‌ಲೂಲ್ ಇಲ್ಲದ ಹೊತ್ತು ನೋಡಿ ಹೋಗತೊಡಗಿದಳು.

ಓದು ಬಾರದವಳು ಎಂದದ್ದು ಮಾತ್ರ ಅವನ ತಪ್ಪು. ಐವತ್ತೆಂಟನೆಯ ವಯಸ್ಸಿನಲ್ಲಿ ಅವಳು ಎರಡು ಚಳಿಗಾಲ ಅಕ್ಷರ ಕಲಿಸುವ ತರಗತಿಗೆ ಹೋಗಿದ್ದಳು. ಒಂದೊಂದಕ್ಷರವನ್ನೂ ಬೆರಳಿಟ್ಟು, ತುಟಿ ಅಲ್ಲಾಡಿಸಿ ಓದಬಲ್ಲಳು. ಒಂದು ಸಾಲಿಗೆ ಒಂದು ಲೋಟ ಚಹಾ ಕುಡಿಯುವಷ್ಟು ಹೊತ್ತು. ಆದರೆ ಓದಿದ್ದು ತಪ್ಪುವುದಿಲ್ಲ.

ಒಂದು ಶುಕ್ರವಾರ ಅಸರ್ ಹೊತ್ತಿಗೆ ಅವನ ಪಡೆಗೆ ದೊಡ್ಡ ಯುದ್ಧವಿತ್ತು. ಅದಕ್ಕೆಂದು ಹದಿನಾರು ದಿನ ಅವನು ನಫೂಸಾಳನ್ನು ಮುಟ್ಟದೆ, ಐದು ಕೋಟೆಗಳ ದವಸವನ್ನೂ ಅವಳಲ್ಲೇ ತುಂಬಿಸಿದ್ದ. ಇದನ್ನೆಲ್ಲ ಉಮ್ಮ್ ಅತಿಯ್ಯಾ ಮೂರನೆಯ ಮೆಟ್ಟಿಲಿನಿಂದ ನೋಡಿದ್ದಳು. ಶುಕ್ರವಾರ ಮಧ್ಯಾಹ್ನ ಅವನು ಫೋನನ್ನು ಚಾರ್ಜಿಗೆ ಹಾಕಿ ಮಸೀದಿಗೆ ಹೋದ. ಅವಳು ತನ್ನ ಕೀಲಿಯಿಂದ ಬಾಗಿಲು ತೆಗೆದಳು. ಒಂಬತ್ತು ಚುಕ್ಕೆಗಳ ಮೇಲೆ ಅವನ ಹೆಬ್ಬೆರಳು ಎಳೆಯುವ ಗೆರೆ ಅವಳಿಗೆ ಬಾಯಿಪಾಠವಾಗಿತ್ತು. ಏಳನೆಯ ಮುಖ ಒತ್ತಿದಳು. ಹಲ್ಲಿನ ಚಕ್ರದ ಗುರುತು ಒತ್ತಿದಳು. ಪಾಸ್‌ವರ್ಡು ಬದಲಿಸುವ ಜಾಗ ಬಂತು. ಹಳೆಯದು ನೋಟ್‌ಬುಕ್ಕಿನ ಏಳನೆಯ ಪುಟದಲ್ಲಿತ್ತು, ನೋಡಿ ನೋಡಿ ಒಂದೊಂದಾಗಿ ಒತ್ತಿದಳು. ಹೊಸದರ ಜಾಗದಲ್ಲಿ ತನ್ನ ಹೆಸರು ಬರೆದಳು. ಶುಕ್ರವಾರದ ಪ್ರವಚನ, ಖುತ್ಬಾ, ಇನ್ನೂ ಮೈಕಿನಲ್ಲಿ ಕೇಳುತ್ತಿತ್ತು. ಫೋನನ್ನು ಇದ್ದ ಹಾಗೆಯೇ, ತಂತಿ ಎಡಕ್ಕೆ ಬರುವಂತೆ ಇಟ್ಟು, ಬಾಗಿಲು ಹಾಕಿ, ಮೆಟ್ಟಿಲಿಗೆ ಬಂದು ಮುಲೂಖಿಯಾ ಸೊಪ್ಪು ಬಿಡಿಸುತ್ತ ಕೂತಳು.

ಅವನು ಹೊರಗೇ ಊಟ ಮುಗಿಸಿ ತಡವಾಗಿ ಬಂದ. ಬಂದ ಸ್ವಲ್ಪ ಹೊತ್ತಿಗೆ ಒಳಗೆ ಬೈಗುಳ ಶುರುವಾಯಿತು. ನಫೂಸಾ ಬಾಗಿಲು ತೆಗೆಯುತ್ತಿರಲಿಲ್ಲ. ಉಮ್ಮ್ ಅತಿಯ್ಯಾ ಕಿಟಕಿಯ ಕಡೆ ತಿರುಗದೆಯೇ ಹೇಳಿದಳು, ಅವಳು ತನ್ನ ಮನೆಗೆ ವಾಪಸು ಬಂದಿದ್ದಾಳೆ, ಕೂಗಬೇಡ.

ಮೆತ್ವಲ್ಲಿ ಕಿಟಕಿಗೆ ಬಂದು ಒಂದು ಕ್ಷಣ ಅವಳನ್ನೇ ನೋಡಿದ. ಆಮೇಲೆ ನಕ್ಕ. ಈ ಮುದುಕಿಗೆ ಬರೆಯಲು ಬರುವುದು ತನ್ನ ಹೆಸರೊಂದೇ ಎಂದು ಗೋಡೆಗೆ ಹೇಳುವಂತೆ ಹೇಳಿ, ಅದನ್ನೇ ಒತ್ತಿದ. ತಪ್ಪು ಎಂದಿತು ಫೋನು. ಮತ್ತೆ ಒತ್ತಿದ. ತಪ್ಪು. ನಡುವಿನ ಅಕ್ಷರ ಬದಲಿಸಿ ನೋಡಿದ. ತಪ್ಪು. ಇನ್ನೊಂದು ಸಲ ತಪ್ಪಿದರೆ ಮೂರು ದಿನ ಬೀಗ ಎಂದು ಕೆಂಪಕ್ಷರದಲ್ಲಿ ಬಂತು. ಅರಬ್ಬಿಯಲ್ಲಿ ನಫೂಸಾ ಎಂಬ ಹೆಸರಿನ ಕೊನೆಯ ಅಕ್ಷರದ ಮೇಲೆ ಎರಡು ಚುಕ್ಕೆ ಇಡಬೇಕು. ಇಡೀ ಬೀದಿಯಲ್ಲಿ, ಅಂಗಡಿ ಬೋರ್ಡಿನಲ್ಲಿ, ಕರೆಂಟ್ ಬಿಲ್ಲಿನಲ್ಲೂ ಆ ಚುಕ್ಕೆಗಳನ್ನು ಯಾರೂ ಇಡುವುದಿಲ್ಲ. ಬೇಗ ಬರೆಯುವವರಿಗೆ ಅವು ಬೇಕಾಗಿಲ್ಲ. ಬಹಳ ಕಷ್ಟಪಟ್ಟು ಕಲಿತವರು ಮಾತ್ರ ಇಡುತ್ತಾರೆ.

ಅಸರ್‌ಗೆ ಇನ್ನು ಅರ್ಧ ತಾಸೂ ಇರಲಿಲ್ಲ. ಅವನು ಹೊರಗೆ ಬಂದು ಅವಳ ಮುಂದೆ ನಿಂತ. ಪೊಲೀಸರನ್ನು ಕರೆಯುತ್ತೇನೆ ಎಂದ. ಕರೆ, ನನ್ನ ಹೆಸರು ನನ್ನ ಹತ್ತಿರ ಇದೆ ಎಂದು ದೂರು ಬರೆಸು ಎಂದಳು. ಕಳ್ಳಿ ಎಂದ. ಅವಳು ಒಂದು ಎಲೆ ಬಿಡಿಸಿದಳು. ಫೋನಿನಲ್ಲಿ ಅವನ ಪಡೆಯವರ ಸಂದೇಶಗಳು ಒಂದರ ಮೇಲೊಂದು ಟಿಣ್ ಟಿಣ್ ಎನ್ನುತ್ತಿದ್ದವು. ಕೊನೆಗೆ ಅವನ ಹೆಗಲು ಇಳಿಯಿತು. ಏನು ಬೇಕು ಎಂದು ಕೇಳಿದ.

"ಚೀಟಿ," ಅಂದಳು. "ಹೆಸರು ಹೋಗ್ಲಿ. ಆಮೇಲೆ ನಿನ್ನ ಗೋಧಿ ನೀನು ತಿನ್ನು."

ಅವನು ಒಪ್ಪಿ ಫೋನು ಕೊಟ್ಟ. ಅವಳು ಫೋನನ್ನು ಮಡಿಲಲ್ಲಿಟ್ಟುಕೊಂಡು, ಅಂಗೈ ಮರೆ ಮಾಡಿ, ನಿಧಾನವಾಗಿ ಎರಡು ಚುಕ್ಕೆಯೊಂದಿಗೆ ತನ್ನ ಹೆಸರು ಒತ್ತಿದಳು. ಕೋಟೆ ತೆರೆಯಿತು. ಗೋಧಿ ತುಂಬಿ ತುಳುಕುತ್ತಿತ್ತು. ಚೀಟಿ ಒತ್ತು ಎಂದಳು. ಅವನು ಬಾಗಿ ಒತ್ತಿದ. ಹಳೆಯ ಹೆಸರು ಅಳಿಸಿಹೋಗಿ ಖಾಲಿ ಜಾಗ ಬಂತು. ಅವನ ಕೈ ಏನೋ ಅಂಕಿಗಳ ಕಡೆ ಹೋಯಿತು. ಅವಳು ಫೋನನ್ನು ಎದೆಗೆ ಒತ್ತಿಕೊಂಡಳು.

"ನಿಮ್ಮಮ್ಮನ ಹೆಸರು ಬರಿ."

ಬಾಗಿದ್ದವನು ಸಟ್ಟನೆ ನೆಟ್ಟಗಾದ. ಅಲ್ಲೆಲ್ಲ ಗಂಡಸು ತಾಯಿಯ ಹೆಸರನ್ನು ಬಾಲ್ಯದ ಗೆಳೆಯನಿಗೂ ಹೇಳುವುದಿಲ್ಲ. ಶಾಲೆಯಲ್ಲಿ ಅದು ಹೊರಬಿದ್ದರೆ ಹಲ್ಲು ಉದುರುವವರೆಗೂ ಹೊಡೆದಾಟ.

"ನಾಲಿಗೆ ಬಿಗಿ ಹಿಡೀರಿ, ಉಮ್ಮ್ ಅತಿಯ್ಯಾ."

"ಹಳೇ ಹೆಂಗಸಿನ ಹೆಸರಲ್ವಾ, ಯಾರೂ ತಗೊಂಡಿರಲ್ಲ. ಗೌರವ ಅಂದ್ಕೋ," ಅಂದಳು. "ಬರೀತೀಯೋ, ನಾನು ಮೂರು ದಿನದ ಬೀಗ ಹಾಕ್ಲೋ?"

ಮಸೀದಿಯ ಮೈಕು ಗಂಟಲು ಸರಿಮಾಡಿಕೊಂಡಿತು. ಅವನು ಬೀದಿಯ ಎರಡೂ ಕಡೆ ನೋಡಿದ. ಆಮೇಲೆ ಮೆಟ್ಟಿಲ ಬುಡದಲ್ಲಿ ಮೊಣಕಾಲೂರಿ, ಅವಳ ಮಡಿಲಲ್ಲಿದ್ದ ಫೋನಿನ ಮೇಲೆ ಮೂರು ಬೆರಳಿನ ಕೈಯನ್ನು ಚಪ್ಪರದಂತೆ ಹಿಡಿದು, ಇನ್ನೊಂದು ಕೈಯ ಹೆಬ್ಬೆರಳಿನಿಂದ ಒತ್ತಿದ. ಐದು ಅಕ್ಷರ. ಆಟ ಕೂಡಲೇ ಒಪ್ಪಿತು. ಕೋಟೆಯ ಬಾಗಿಲ ಮೇಲೆ ಆ ಐದು ಅಕ್ಷರ ಚಿನ್ನದ ಬಣ್ಣದಲ್ಲಿ ಬೆಳಗಿದವು. ಇಲ್ಲದ ಎರಡು ಬೆರಳಿನ ಸಂದಿನಿಂದ ಅವು ಅವಳಿಗೆ ಕಾಣುತ್ತಿದ್ದವು. ಅವಳ ತುಟಿ ಅಲ್ಲಾಡಿತು.

ಅಂದು ಅವನು ಯುದ್ಧ ಗೆದ್ದನೋ ಸೋತನೋ ಅವಳು ಕೇಳಲಿಲ್ಲ. ಭಾನುವಾರ ಬೆಳಿಗ್ಗೆ ಉಳಿಯ ಚೀಲ ಹೆಗಲಿಗೆ ಹಾಕಿಕೊಂಡು, ಬೀಗದ ಕೈಯನ್ನು ಅವಳ ಕೈಗೆ ಕೊಡದೆ ಮೆಟ್ಟಿಲ ಮೇಲೆ ಇಟ್ಟ. ಸಲಾಮು ಹೇಳಲಿಲ್ಲ. ಬೀದಿಗೆ ನಾಲ್ಕು ಹೆಜ್ಜೆ ಹೋದವನು ತಿರುಗಿ ಬಂದ. ಸುತ್ತ ಯಾರೂ ಇಲ್ಲವೆಂದು ನೋಡಿಕೊಂಡು, ಧ್ವನಿ ತಗ್ಗಿಸಿ ಕೇಳಿದ:

"ನಿಮ್ಮ ಹೆಸರು ಬಿಟ್ಟು ಬೇರೆ ಏನಾದ್ರೂ ಓದೋಕೆ ಬರುತ್ತಾ ನಿಮಗೆ?"