ಹುಳ ಅಲ್ಲ, ಹವಳ

೧೯೯೪ರಲ್ಲಿ, ಏಳನೇ ಕ್ಲಾಸಿನ ನಡುವೆ, ನಾನು ಓದು ನಿಲ್ಲಿಸಿದೆ. ಯಾರೂ ಬಿಡಿಸಲಿಲ್ಲ, ನಾನೇ ಬಿಟ್ಟೆ. ನನ್ನ ಸೋದರಮಾವ ಬಳ್ಳಾರಿಯಲ್ಲಿ ಮನೆಗಳ ನೆಲಕ್ಕೆ ಬಂಡೆ ಹಾಸುತ್ತಿದ್ದ. ದಸರಾ ರಜೆಯಲ್ಲಿ ಕುರುಗೋಡಿನಿಂದ ಅವನ ಜೊತೆ ಹೋದೆ. ರಜೆ ಮುಗಿಯಿತು, ನಾನು ವಾಪಸು ಬರಲಿಲ್ಲ. ಶಾಲೆಯಲ್ಲಿ ನಾನು ಬರೆದದ್ದನ್ನೆಲ್ಲ ಮೇಷ್ಟರು ಕೆಂಪು ಇಂಕಿನಲ್ಲಿ ಹೊಡೆದು ಹಾಕುತ್ತಿದ್ದರು. ನಾನು ಹಾಸಿದ ಬಂಡೆಯನ್ನು ಯಾರೂ ಹೊಡೆದು ಹಾಕಲಿಲ್ಲ. ಅದು ನನಗೆ ಹಿಡಿಸಿತು.

ನಮ್ಮ ಕೆಲಸದಲ್ಲಿ ಮರ್ಯಾದೆ ಎಂದರೆ ಅದೊಂದೇ. ಬಳ್ಳಾರಿಯಲ್ಲಿ ಒಬ್ಬ ಮೇಸ್ತ್ರಿ ಹಾಸಿದ ಬಂಡೆಯನ್ನು ಎಲ್ಲಾದರೂ ಕಿತ್ತರೆ ಗ್ರಾನೈಟ್ ಅಂಗಡಿಗಳ ಸಾಲಿಗೆ ಸಂಜೆಯೊಳಗೆ ಸುದ್ದಿ ಮುಟ್ಟುತ್ತದೆ. "ಅವಂದು ಕಿತ್ರಂತ" ಅಂದರೆ ಮುಗಿಯಿತು. ಯಾಕೆ ಕಿತ್ತರು ಎಂದು ಯಾರೂ ಕೇಳುವುದಿಲ್ಲ. ಸಿರುಗುಪ್ಪದ ಕೆಲಸದವರೆಗೆ ನನ್ನದು ಒಂದೂ ಕಿತ್ತಿರಲಿಲ್ಲ. ಇದನ್ನು ಕೇಳದವರಿಗೂ ಹೇಳುತ್ತಿದ್ದೆ.

ಮೂರು ವರ್ಷದ ಹಿಂದೆ ಸಿರುಗುಪ್ಪದಲ್ಲಿ ಅಕ್ಕಿ ಮಿಲ್ಲಿನ ಸಾಹುಕಾರರೊಬ್ಬರು ಮನೆ ಕಟ್ಟಿಸಿದರು. ನಡುಮನೆಗೆ ಹೊರದೇಶದ ಬೂದುಬಣ್ಣದ ಕಲ್ಲೇ ಬೇಕೆಂದು ಬಳ್ಳಾರಿಯ ಅಂಗಡಿಯೊಂದರಿಂದ ತರಿಸಿದರು. ನಾನು ಹಾಸಿ ಮುಗಿಸಿದಾಗ ಎರಡು ಬಂಡೆಯ ನಡುವಿನ ಗೆರೆಯಲ್ಲಿ ಉಗುರೂ ಸಿಕ್ಕಿಕೊಳ್ಳುತ್ತಿರಲಿಲ್ಲ. ಸಾಹುಕಾರರು ಬರಿಗಾಲಲ್ಲಿ ಆ ತುದಿಯಿಂದ ಈ ತುದಿಗೆ ನಡೆದು, "ನಿಂತ ನೀರು ಇದ್ದಂಗ ಐತಿ ಮೇಸ್ತ್ರಿ" ಅಂದರು. ಅಲ್ಲಿಗೆ ಬಿಟ್ಟಿದ್ದರೆ ಚೆನ್ನಾಗಿತ್ತು. ಪಾಲಿಶ್ ಮಾಡಬೇಕಲ್ಲ, ಮಾಡಿದೆ.

ಕೊನೆಯ ಪಾಲಿಶ್ ಹೊಡೆದು ನೀರು ಎಳೆದಾಗ ಸರಿಯಾಗಿ ನಡುಮನೆಯ ನಡುವಿನ ಬಂಡೆಯಲ್ಲಿ ಊಟದ ತಟ್ಟೆಯಗಲದ ಬಿಳಿ ಗುರುತು ಎದ್ದು ಬಂತು. ಬಗ್ಗಿ ನೋಡಿದರೆ ಜೇನುಹುಟ್ಟಿನಂತೆ ಸಣ್ಣ ಸಣ್ಣ ಕೋಣೆಗಳು, ಒಂದಕ್ಕೊಂದು ಅಂಟಿಕೊಂಡು. ಪಕ್ಕದಲ್ಲಿ ಅಂಥದೇ ಇನ್ನೊಂದು, ಉದ್ದಕ್ಕೆ ಸೀಳಿದ ಹಾಗೆ, ಸಾಲು ಸಾಲು ಕೊಳವೆ. ನನಗೇನೋ ಚೆಂದವೇ ಕಂಡಿತು.

ಅಷ್ಟರಲ್ಲಿ ಸಾಹುಕಾರರ ತಾಯಿ ಬಂದರು. ಒಂದು ಹಿಡಿ ಅಕ್ಕಿಯನ್ನು ಅಂಗೈಯಲ್ಲಿ ಹರಡಿ, ಒಮ್ಮೆ ಊದಿ, ಲಾರಿಯನ್ನೇ ವಾಪಸು ಕಳಿಸುವ ಹೆಂಗಸು.

"ಏನಪಾ ಮೇಸ್ತ್ರಿ, ಕಲ್ಲಿಗೆ ಹುಳ ಬಿದ್ದಾವಲ್ಲ."

"ಕಲ್ಲಿಗೆ ಹುಳ ಬೀಳಂಗಿಲ್ರಿ ಅವ್ವಾರೆ."

"ಮತ್ತ ಈ ತೂತು ಯಾರು ಕೊರದಾರ? ನೀನಾ?"

ಅಕ್ಕಿ ಮಿಲ್ಲಿನವರ ಮನೆಯಲ್ಲಿ ಹುಳ ಎಂಬ ಮಾತನ್ನು ಮೆಲ್ಲಗೂ ಆಡುವುದಿಲ್ಲ. ಇವರು ಆಡಿದ್ದು ಮೇಲಿನ ಅಂತಸ್ತಿನಲ್ಲಿ ಬಣ್ಣ ಹಚ್ಚುವವರಿಗೂ ಕೇಳಿಸಿತು. ಸಾಹುಕಾರರು ಓಡಿ ಬಂದರು. ಮನೆ ಪ್ರವೇಶಕ್ಕೆ ಊರಿನ ಮಿಲ್ಲಿನವರೆಲ್ಲ ಬರುವವರಿದ್ದರು.

"ಮಂದಿ ಏನಂತಾರ ಗೊತ್ತೈತೇನು? ಇವನ ಅಕ್ಕಿ ಹಾಳಾಗಿ ಹೋಗ್ಲಿ, ಇವನ ಮನಿ ಕಲ್ಲಿಗೂ ಹುಳ ಹತ್ತ್ಯಾವು ಅಂತಾರ. ಕಿತ್ತು ಬ್ಯಾರೆ ಹಾಕು."

ಕಿತ್ತು ಅಂದರು.

"ಒಂದು ವಾರ ಕೊಡ್ರಿ ಸಾವ್ಕಾರ್ರೆ. ಇದು ಏನೈತಿ ಅಂತ ತಿಳಕೊಂಡು ಬರ್ತೀನಿ."

"ತಿಳಕೊಂಡ್ರ ತೂತು ಮುಚ್ಚತಾವೇನು?" ಅಂದರು ತಾಯಿ. ಆದರೂ ವಾರ ಕೊಟ್ಟರು.

ಮೊದಲು ಕಲ್ಲು ಮಾರಿದ ಅಂಗಡಿಗೆ ಹೋದೆ. ತೆಲುಗಿನ ಅಂಗಡಿಯವನು ಫೋನಿನಲ್ಲಿದ್ದ ಫೋಟೋ ನೋಡಿ, "ಅದಿ ಡಿಜೈನ್ ಅಂಡಿ, ನ್ಯಾಚುರಲ್" ಅಂದ. ಡಿಜೈನಾದರೆ ಒಂದೇ ಬಂಡೆಗೆ ಯಾಕೆ ಬಂತು ಎಂದು ಕೇಳಿದೆ. "ಲಕ್ಕುಂಡಾಲಿ ಕದಾ" ಅಂದ. ಅದಕ್ಕೂ ಅದೃಷ್ಟ ಬೇಕಂತೆ.

ಬಳ್ಳಾರಿಯಲ್ಲಿ ಕಲ್ಲಿನ ಬಗ್ಗೆ ಕೇಳಲು ಜನಕ್ಕೆ ಬರವಿಲ್ಲ. ಗಣಿಗಳಲ್ಲಿ ದುಡಿದು ನಿವೃತ್ತರಾದ ಭೂವಿಜ್ಞಾನಿಯೊಬ್ಬರ ಬಚ್ಚಲಿಗೆ ನಾನೇ ಟೈಲ್ಸ್ ಹಾಕಿದ್ದೆ. ಅವರ ಮನೆಗೆ ಹೋಗಿ ಫೋಟೋ ತೋರಿಸಿದೆ. ಅವರು ಕನ್ನಡಕ ತೆಗೆದರು, ಒರೆಸಿದರು, ಹಾಕಿಕೊಂಡರು.

"ಎಲ್ಲಿ ಸಿಕ್ಕತಿದು?"

"ಸಿರುಗುಪ್ಪದಾಗ ಸಾರ್."

"ಸಾಧ್ಯನ ಇಲ್ಲ."

"ನಡುಮನ್ಯಾಗ ಸಾರ್. ಹೊರದೇಶದ ಕಲ್ಲು, ನಾನ ಹಾಸೀನಿ."

ಆಗ ಅವರಿಗೆ ಸಮಾಧಾನವಾಯಿತು. ನಮ್ಮ ಕಡೆಯ ಬಂಡೆಗಳು ಹುಟ್ಟಿದ ಕಾಲಕ್ಕೆ ಲೋಕದಲ್ಲಿ ಇಂಥ ಜೀವಿಗಳೇ ಇರಲಿಲ್ಲವಂತೆ. ಬಳ್ಳಾರಿ ಗುಡ್ಡವನ್ನು ಬುಡಸಮೇತ ಅಗೆದರೂ ಇದು ಸಿಗುವುದಿಲ್ಲವಂತೆ. ಇದು ಹವಳ, ಸಮುದ್ರದ ತಳದಲ್ಲಿ ಗುಂಪಾಗಿ ಬದುಕಿ ಕಲ್ಲಾದ ಹವಳ ಅಂದರು.

"ಒಂದು ಓಣಿ ಇದ್ದಂಗ ಇದು. ಮನಿಗೆ ಮನಿ ಹತ್ತಿ, ಎರಡು ಮನಿಗೆ ಒಂದ ಗ್ವಾಡಿ. ಒಂದೊಂದು ತೂತಿನ್ಯಾಗ ಒಂದೊಂದು ಪ್ರಾಣಿ ಇತ್ತು. ಈ ಕೊಳವಿ ನೋಡು, ಒಳಗ ಅಡ್ಡಗೆರಿ ಕಾಣತಾವಲ್ಲ? ಅವು ನೆಲ. ಪ್ರಾಣಿ ಬೆಳದಂಗ ಮ್ಯಾಲೆ ಏರತೈತಿ, ಏರಿ ತನ್ನ ಕೆಳಗ ಒಂದು ನೆಲ ಹಾಕ್ಕೊಂತೈತಿ. ಮತ್ತ ಏರತೈತಿ, ಮತ್ತೊಂದು ನೆಲ."

"ಲೆವೆಲ್ ಹೆಂಗ ನೋಡತಿದ್ವು ಸಾರ್?"

ಅವರು ನಗಲಿಲ್ಲ. ಗೊತ್ತಿಲ್ಲ ಅಂದರು.

"ಈಗ ಎಲ್ಲಿ ಅದಾವು?"

"ಎಲ್ಲೂ ಇಲ್ಲ. ಡೈನೋಸಾರ್ ಹುಟ್ಟೂಕ್ಕಿಂತ ಮೊದಲ ಇವುಗಳ ವಂಶ ಪೂರ್ತಿ ಹೋತು. ಈಗಿನ ಹವಳ ಬ್ಯಾರೆ ಮನಿತನದ್ದು."

ಹೊರಗೆ ಬಂದು ಬೈಕ್ ಹತ್ತದೆ ಸ್ವಲ್ಪ ಹೊತ್ತು ನಿಂತೆ. ನೆಲ ಹಾಕುವ ಕೆಲಸ ನಮ್ಮ ಮಾವನಿಂದ ಶುರುವಾಯಿತೆಂದು ನಾನು ತಿಳಿದಿದ್ದೆ. ಹಾಕಿದವರು ಒಬ್ಬರೂ ಉಳಿಯದೆ, ಹಾಕಿದ ನೆಲ ಮಾತ್ರ ಒಂದರ ಮೇಲೊಂದು ಹಾಗೇ ಉಳಿದಿದೆ. ಫೋಟೋವನ್ನು ದೊಡ್ಡದು ಮಾಡಿ ನೋಡಿದೆ. ಲೆವೆಲ್ ಪರವಾಗಿಲ್ಲ.

ಸಿರುಗುಪ್ಪದ ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡೆ. ಹುಳ, ಹವಳ. ಕೊಂಬು ತೆಗೆದು ನಡುವೆ ಒಂದು ವಕಾರ ಇಟ್ಟರೆ ಬಂಡೆ ಉಳಿಯುತ್ತದೆ. ಅಷ್ಟು ಓದು ನನಗೂ ಇತ್ತು.

"ಹುಳ ಅಲ್ರಿ, ಹವಳ" ಅಂದೆ. ಸಾಹುಕಾರರ ಮುಖ ಅರಳಿತು. "ಹವಳಾ? ಖರೇನ? ನಮ್ಮ ಮನ್ಯಾಗ ಹವಳದ ನೆಲ ಅಂತ ಹೇಳಬಹುದು ಹಂಗಾರ!" ಗೆದ್ದೆ ಅಂದುಕೊಂಡೆ.

ತಾಯಿ ಸೊಸೆಯನ್ನು ಕರೆದರು. ಸೊಸೆ ಬಂದು ಆ ಬಂಡೆಯ ಮೇಲೇ ನಿಂತಳು. ತಾಯಿ ಅವಳ ಕೊರಳಿನ ತಾಳಿ ಸರವನ್ನು ಎತ್ತಿ, ಚಿನ್ನದ ಗುಂಡುಗಳ ನಡುವಿನ ಕೆಂಪು ಮಣಿ ಹಿಡಿದು ತೋರಿಸಿದರು.

"ಇದು ಹವಳ. ಅದೂ ಹವಳ ಅಂತೀಯಾ?"

"ಬ್ಯಾರೆ ಮನಿತನದ್ದು ಅವ್ವಾರೆ. ಆದ್ರೂ ಹವಳ."

"ತಾಳ್ಯಾಗಿನ ವಸ್ತು ಕಾಲಾಗ ತುಳಿ ಅಂತ ನನ್ನ ಸೊಸಿಗೆ ಹೇಳಾಕ ಬಂದೀಯೇನು?"

ಸೊಸೆ ಸರಕ್ಕನೆ ಪಕ್ಕಕ್ಕೆ ಸರಿದಳು.

"ಮ್ಯಾಲೆ ಸೋಫಾ ಇಡೂಣು ಬಿಡವ್ವ" ಅಂದರು ಸಾಹುಕಾರರು.

"ಹವಳದ ಮ್ಯಾಲೆ ಕುಂಡ್ರತೀ?"

"ಹಂಗಾರ ತಗದು ದೇವರ ಕ್ವಾಣ್ಯಾಗ ಗ್ವಾಡಿಗೆ ಹಚ್ಚಿಸಿಬಿಡೂಣು."

ತಾಯಿ ಯೋಚಿಸಿದರು. ನಾನೂ ಯೋಚಿಸಿದೆ. ನೆಲದಿಂದ ದೇವರ ಕೋಣೆಗೆ ಹೋದರೆ ಅದನ್ನು ಕಿತ್ತದ್ದು ಅನ್ನಲಾಗದು, ಬಡ್ತಿ ಸಿಕ್ಕಿತು ಅನ್ನಬಹುದು.

"ಆಗ್ಲಿ ಬಿಡು" ಎನ್ನುವಂತೆ ತಲೆ ಆಡಿಸಿದ ತಾಯಿ ನನ್ನ ಕಡೆ ತಿರುಗಿ, "ಈ ಹವಳ ಹೆಂಗ ಆಗತೈತಪಾ?" ಎಂದು ಕೇಳಿದರು.

ಸಮುದ್ರದಲ್ಲಿ ಆಗುತ್ತದೆ ಎಂದು ಹೇಳಿ ಬಾಯಿ ಮುಚ್ಚಿಕೊಳ್ಳಬಹುದಿತ್ತು. ಆದರೆ ಆ ನೆಲಗಳ ವಿಷಯ ಯಾರಿಗಾದರೂ ಹೇಳದೆ ನನಗೆ ತಡೆಯಲಾಗುತ್ತಿರಲಿಲ್ಲ. ಮಂಡಿಯೂರಿ ಕೂತು, ಒಂದೊಂದೇ ಗೆರೆಗೆ ಬೆರಳಿಟ್ಟು, ಪ್ರಾಣಿ ಹೇಗೆ ಏರುತ್ತದೆ, ಹೇಗೆ ನೆಲ ಹಾಕುತ್ತದೆ ಎಲ್ಲ ಹೇಳಿದೆ. ಅವರು ಗಮನವಿಟ್ಟು ಕೇಳಿದರು.

"ಆ ಪ್ರಾಣಿ ಎಷ್ಟು ದೊಡ್ಡದು?"

"ಸಣ್ಣವ್ರಿ. ಅಕ್ಕಿಕಾಳಷ್ಟು."

"ಕೈಕಾಲು?"

"ಇಲ್ರಿ. ಮೆತ್ತಗ ಇದ್ವಂತ."

"ತೂತಿನ್ಯಾಗ ಇರ್ತಿದ್ವು?"

"ಹೌದ್ರಿ."

"ಅದಕ್ಕ ನಮ್ಮ ಕಡೆ ಹುಳ ಅಂತಾರ" ಅಂದರು ತಾಯಿ. "ನಾ ಮೊದಲ ಹೇಳಿದ್ನಿ. ನೀ ಒಂದು ವಾರ ತಿರುಗ್ಯಾಡಿ ಬಂದಿ."

ದೇವರ ಕೋಣೆಯ ಮಾತು ಅಲ್ಲಿಗೆ ನಿಂತಿತು. ಸಾಹುಕಾರರು ನನ್ನನ್ನು ಪಕ್ಕಕ್ಕೆ ಕರೆದು, "ಬ್ಯಾರೆಯವರನ್ನ ಕರಸ್ತೀನಿ, ನಿನಗ ಕೈ ಬರಂಗಿಲ್ಲ" ಅಂದರು. ಒಳ್ಳೆಯ ಮನಸ್ಸಿನಿಂದಲೇ ಅಂದದ್ದು.

"ನಾ ಹಾಸಿದ್ದು ನಾನ ತಗೀತೀನ್ರಿ."

ಬಂಡೆ ಕೀಳುವವರು ನಡುವಿಗೆ ಸುತ್ತಿಗೆ ಹಾಕಿ ಒಡೆಯುತ್ತಾರೆ, ಚೂರು ಆರಿಸುತ್ತಾರೆ. ನಾನು ಒಡೆಯಲಿಲ್ಲ. ಅಂಚಿನಿಂದ ಒಂದು ಇಂಚು ಒಳಗೆ ಸುತ್ತಲೂ ಕಟರ್‌ನಿಂದ ಸೀಳಿ, ಆ ಪಟ್ಟಿಯನ್ನು ಉಳಿಯಿಂದ ತೆಗೆದು, ಆ ಸಂದಿಯಿಂದ ಅಡಿಯ ಸಿಮೆಂಟನ್ನು ಕೆದರಿದೆ. ಎರಡು ದಿನ ಹಿಡಿಯಿತು. ತಾಯಿ ಕುರ್ಚಿ ಹಾಕಿಕೊಂಡು ಕೂತು ನೋಡಿದರು. ಎರಡನೆಯ ದಿನ ತಾವೇ ಮಜ್ಜಿಗೆ ತಂದುಕೊಟ್ಟರು.

"ಇಷ್ಟು ಘಟ್ಟಿ ಯಾಕ ಹಾಸಿದಿ?"

"ಕೀಳತಾರ ಅಂತ ಗೊತ್ತಿರಲಿಲ್ರಿ."

"ಉಳದಾವು ಏಳಂಗಿಲ್ಲ ಬಿಡು ಹಂಗಾರ" ಅಂದರು. ನನ್ನ ಕೆಲಸಕ್ಕೆ ಅಂಥ ಮಾತು ನಾನು ಹಿಂದೆ ಕೇಳಿರಲಿಲ್ಲ. ಅದಕ್ಕೆ ಒಂದು ಬಂಡೆ ಕೀಳಬೇಕಾಯಿತು.

ಬಳ್ಳಾರಿಗೆ ಸುದ್ದಿ ಸಂಜೆಗೇ ಮುಟ್ಟಿತು. ಕಿತ್ತರು ಎಂಬುದು ಮಾತ್ರ ಮುಟ್ಟಿತು, ಎರಡು ದಿನ ಹಿಡಿಯಿತು ಎಂಬುದು ದಾರಿಯಲ್ಲೆಲ್ಲೋ ಇಳಿದುಕೊಂಡಿತು. ಆ ವರ್ಷ ಎರಡು ಮನೆಯ ಕೆಲಸ ಬೇರೆಯವರಿಗೆ ಹೋಯಿತು. ಆಮೇಲೆ ಜನ ಮರೆತರು, ನಾನು ಹಾಸುತ್ತಲೇ ಇದ್ದೇನೆ. ಒಂದೂ ಕಿತ್ತಿಲ್ಲ ಎಂಬ ಮಾತನ್ನು ಮಾತ್ರ ಬಿಟ್ಟಿದ್ದೇನೆ.

ಬಂಡೆಯನ್ನು ಲಗೇಜ್ ಆಟೋದಲ್ಲಿ ಕುರುಗೋಡಿಗೆ ತಂದೆ. ನನ್ನ ಹೆಂಡತಿ, "ಇದರ ಮ್ಯಾಲೆ ಹಪ್ಪಳ ಒಣಗಿಸಲೇನು?" ಅಂದಳು. ಬೇಡ ಅಂದೆ. ಭೂವಿಜ್ಞಾನಿ ಒಮ್ಮೆ ಬಂದು, ಭೂತಗನ್ನಡಿ ಹಿಡಿದು ನೆಲದ ಮೇಲೆ ಕೂತು ಮಧ್ಯಾಹ್ನವೆಲ್ಲ ನೋಡಿದರು. ಕೊಡುತ್ತೀಯಾ ಎಂದು ಕೇಳಿದರು, ಕೊಡಲಿಲ್ಲ. ಅದನ್ನು ನಾನು ಎಲ್ಲಿಯೂ ಹಾಸಿಲ್ಲ. ಪಡಸಾಲೆಯ ಗೋಡೆಗೆ ಒರಗಿಸಿ ನಿಲ್ಲಿಸಿದ್ದೇನೆ.

ಈಗ ನನ್ನಲ್ಲಿರುವುದು ಇಷ್ಟು: ಮೂರು ಕೋಣೆಯ ಮನೆ ಒಂದು, ಪಾಲಿಶ್ ಮೆಷಿನ್ ಎರಡು, ಕಟರ್ ಒಂದು, ಬೈಕ್ ಒಂದು, ಸುತ್ತಲೂ ಒಂದೊಂದು ಇಂಚು ಕಡಿಮೆಯಾದ ಹವಳದ ಬಂಡೆ ಒಂದು.