ಕಾಕಾ ತಂದ ಬನ್ನಿ

ಟಿಂಚರಿನ ವಾಸನೆ ಮೂಗಿಗೆ ಬಡಿದರೆ ಈಗಲೂ ಯಲಬುರ್ಗಾ ಸೀಮೆಯ ನಮ್ಮ ಮಾಳಿಗೆ ಮನೆ ಕಣ್ಣಮುಂದೆ ಬರುತ್ತದೆ. ಚಿಕ್ಕಂದಿನಲ್ಲಿ ನನ್ನ ತೊಡೆಗೆ ಕುರುವೆದ್ದು, ಬದುಕುವ ಆಸೆಯನ್ನೇ ಎಲ್ಲರೂ ಬಿಟ್ಟಾಗ, ಅಪ್ಪ ಬಂಡಿ ಕಟ್ಟಿ ಕೊಪ್ಪಳದ ಸರ್ಕಾರಿ ದವಾಖಾನೆಗೆ ಒಯ್ದನಂತೆ. ಹೈದರಾಬಾದಿನಿಂದ ಬಂದಿದ್ದ ಡಾಕ್ಟರ್ ಸಾಹೇಬರು ಕುರು ಕೊಯ್ದು, ಜ್ವರ ಇಳಿಯುವ ತನಕ ನನ್ನ ಮಗ್ಗುಲು ಬಿಡಲಿಲ್ಲವಂತೆ. ಅಂದಿನಿಂದ ಅಪ್ಪನಿಗೆ ನಿಜಾಮನ ಸರ್ಕಾರವೆಂದರೆ ಆ ಡಾಕ್ಟರರ ಕೈ. ಅಪ್ಪನ ತಮ್ಮ, ನನ್ನ ಕಾಕಾನಿಗೆ ಅದೇ ಸರ್ಕಾರವೆಂದರೆ ಕುಷ್ಟಗಿ ಸಂತೆಯಲ್ಲಿ, ಬೀಗರ ಎದುರಿಗೇ ಕಪಾಳಕ್ಕೆ ಬಾರಿಸಿದ ಪೊಲೀಸನ ಕೈ. ಸಲಾಮು ಮಾಡಲಿಲ್ಲವೆಂಬುದಷ್ಟೇ ಕಾಕಾನ ತಪ್ಪು.

ಉಣ್ಣಲು ಕೂತರೆ ಇಬ್ಬರದೂ ದೊಡ್ಡ ದೊಡ್ಡ ಮಾತು. ಅಪ್ಪ ನ್ಯಾಯ, ಬಂದೋಬಸ್ತು ಎನ್ನುವನು. ಕಾಕಾ ಸ್ವರಾಜ್ಯ, ಗುಲಾಮಗಿರಿ ಎನ್ನುವನು. ಕುರುವಿನ ಮಾತಾಗಲಿ ಕಪಾಳದ ಮಾತಾಗಲಿ ಯಾರ ಬಾಯಲ್ಲೂ ಬರುತ್ತಿರಲಿಲ್ಲ. ರೊಟ್ಟಿ ಬಡಿಯುತ್ತಿದ್ದ ಅಜ್ಜಿಗೆ ಮಾತ್ರ ಎಲ್ಲ ಗೊತ್ತಿತ್ತು. "ಒಬ್ಬಾವಗ ಮಗಳ ಮ್ಯಾಲಿನ ಮಾಯಾ, ಒಬ್ಬಾವಗ ಕಪಾಳದ ಉರಿ. ಇದರಾಗ ರಾಜ ಎಲ್ಲಿಂದ ಬಂದ್ನಪಾ? ಸುಮ್ಮನ ಉಣ್ರಿ," ಎನ್ನುತ್ತಿದ್ದಳು. ತಾನಿರುವ ತನಕ ಮನೆಯ ಒಲೆ ಎರಡಾಗಬಾರದು, ಅದೊಂದೇ ಅವಳ ಆಸೆ. ನಿಮ್ಮ ಮನೆಯಲ್ಲೂ ಇಂಥ ಅಜ್ಜಿಯೊಬ್ಬಳು ಇದ್ದಿರಬಹುದು; ಅವಳ ಮಾತನ್ನೂ ಯಾರೂ ಕೇಳಿರಲಿಕ್ಕಿಲ್ಲ.

ಒಂದು ದಿನ ಕಾಕಾ ನಿಜಾಮನ ಗಡಿ ದಾಟಿ, ಅವನ ವಿರುದ್ಧ ಹೋರಾಡುವವರ ಮುಂಡರಗಿ ಕಡೆಯ ಶಿಬಿರ ಸೇರಿದ. ಹುಡುಕಿಕೊಂಡು ಬಂದ ಪೊಲೀಸರಿಗೆ ಅಪ್ಪ, "ಅಂವ ನಮ್ಮಾಂವ ಅಲ್ರಿ," ಎಂದ. ಆ ಮಾತು ಗಡಿಯಾಚೆಗೂ ಮುಟ್ಟಿತು. ನಿಜಾಮನ ಆಳಿಕೆ ಮುಗಿದ ವರ್ಷದ ದಸರೆಗೆ ಕಾಕಾ ಮನೆಗೆ ಬಂದ. ನಮ್ಮ ಕಡೆ ಅಂದು ಬನ್ನಿ ಎಲೆ ಕೊಟ್ಟರೆ ಹಗೆಯಾದರೂ ಕೈಯೊಡ್ಡಬೇಕು, ಹಳೆಯ ಮುನಿಸು ಅಲ್ಲಿಗೆ ಮುಗಿಯಬೇಕು. ಅಜ್ಜಿ ಹೋಳಿಗೆ ಮಾಡಿ ದಾರಿ ಕಾಯುತ್ತಿದ್ದಳು. ಕಾಕಾ ಎಲೆ ಚಾಚಿ, "ತಗೋ ಅಣ್ಣಾ, ಬಂಗಾರದಂಗ ಇರೂಣು. ನಿನ್ನ ಸರ್ಕಾರ ಹೋತಲ್ಲ," ಎಂದು ನಕ್ಕ. ಅಪ್ಪನ ಅರ್ಧ ಎತ್ತಿದ ಕೈ ಕೆಳಗಿಳಿಯಿತು. "ಬನ್ನಿ ಬ್ಯಾಡನ್ನಂಗಿಲ್ಲ. ಆ ನಗಿ ಬ್ಯಾಡ," ಎಂದ. ಕಾಕಾ ಎಲೆಗಳನ್ನು ಅಲ್ಲೇ ಚೆಲ್ಲಿ ಹೊರಟುಹೋದ. ಒಂದೇ ಹೊಟ್ಟೆಯಲ್ಲಿ ಹುಟ್ಟಿದವರು ಸಾಯುವ ತನಕ ಮಾತಾಡಲಿಲ್ಲ.

ಈಗ ನಿಜಾಮನಿಲ್ಲ, ಅಪ್ಪನಿಲ್ಲ, ಕಾಕಾನಿಲ್ಲ, ಆ ಮನೆಯೂ ಇಲ್ಲ. ಅಂದು ಅಜ್ಜಿ ಬಗ್ಗಿ ನೆಲದ ಮೇಲಿನ ಎಲೆಗಳನ್ನು ಆರಿಸಿಕೊಂಡಳು. ತನ್ನ ಒಂದು ಕೈಯಿಂದ ಇನ್ನೊಂದು ಕೈಗೆ ತಾನೇ ಕೊಟ್ಟುಕೊಂಡು, "ಬಂಗಾರದಂಗ ಇರೂಣು," ಎಂದಳು.