ರುಮಾಲಿಗೆ ನೀಡಿದ ಊಟ

ಗದಗ ಹೊಸ ಜಿಲ್ಲೆಯಾದ ಮರುವರ್ಷದ ಬೇಸಿಗೆ. ಒಂದು ಬುಧವಾರ ಮಧ್ಯಾಹ್ನ ಲಕ್ಷ್ಮೇಶ್ವರದಲ್ಲಿ, ನಮ್ಮ ನಾಟಕ ಕಂಪನಿಯ ತಗಡಿನ ಥೇಟರಿನೊಳಗೆ, ರಂಗದ ಎಡಗಡೆಯ ಮೊದಲ ಸೈಡ್‌ವಿಂಗಿನ ಹಿಂದೆ ನಾನು ನಿಂತಿದ್ದೆ. ಎಡಗಡೆ ಎಂದರೆ ಪ್ರೇಕ್ಷಕರ ಎಡಗಡೆ. ಅಲ್ಲಿಂದ ರಂಗದ ನಡುವೆ ಇಟ್ಟ ಕುರ್ಚಿ ಪೂರ್ತಿ ಕಾಣುತ್ತಿತ್ತು. ಪ್ರೇಕ್ಷಕರಲ್ಲಿ ಮುಂದಿನ ಎರಡು ಮೂರು ಸಾಲು ಮಾತ್ರ ಕಾಣುತ್ತಿದ್ದವು. ಹಿಂದೆ ಕುಳಿತವರನ್ನು ನಾನು ನೋಡಲಿಲ್ಲ, ಅವರ ನಗುವನ್ನು ಕೇಳಿದೆ. ನೋಡಿದ್ದನ್ನೂ ಕೇಳಿದ್ದನ್ನೂ ಬೇರೆ ಬೇರೆಯಾಗಿ ಇಟ್ಟು ಬರೆಯಬೇಕೆಂದಿದ್ದೇನೆ.

ನಾನು ಆ ಕಂಪನಿಯ ಪ್ರಾಂಪ್ಟರ್ ಆಗಿದ್ದೆ. ನಾಟಕದ ಪ್ರತಿ ಹಿಡಿದು ಮರೆಯಲ್ಲಿ ನಿಂತು, ಮಾತು ಮರೆತವರಿಗೆ ಸಣ್ಣ ದನಿಯಲ್ಲಿ ಮಾತು ಎತ್ತಿಕೊಡುವುದು ನನ್ನ ಕೆಲಸ. ಎಲ್ಲರೂ ನನ್ನನ್ನು ಮಾಸ್ತರ ಎನ್ನುತ್ತಿದ್ದರು.

ಅಂದು ಹೆಂಗಸರಿಗೆ ಮಾತ್ರ ಆಟ. ಪ್ರತಿ ಊರಿನ ಕ್ಯಾಂಪಿನಲ್ಲೂ ಒಮ್ಮೆ ಇಂಥದ್ದೊಂದು ಮಧ್ಯಾಹ್ನದ ಆಟ ಇಡುವ ರೂಢಿ ನಮ್ಮಲ್ಲಿತ್ತು. ನಾಟಕ ಅದೇ, ಆದರೆ ಕೆಲವು ಮಾತುಗಳನ್ನು ಬಿಡುತ್ತಿದ್ದರು. ಕಂಪನಿಯ ಹುಡುಗರು ಅದನ್ನು ಬಾಯಿ ತೊಳೆದ ನಾಟಕ ಎಂದು ಚೇಷ್ಟೆ ಮಾಡುತ್ತಿದ್ದರು.

ಹಾಸ್ಯದ ಪಾತ್ರವನ್ನು ಮಾಲಕರೇ ಮಾಡುತ್ತಿದ್ದರು. ಅವರ ಹೆಂಡತಿಯ ಪಾತ್ರಕ್ಕೆ ಒಬ್ಬ ನಟಿ ಇದ್ದರು, ನಲವತ್ತರ ಆಸುಪಾಸಿನವರು. ಆ ಸೀನಿನಲ್ಲಿ ಗಂಡ ಮನೆಗೆ ಬರುತ್ತಾನೆ, ಊಟಕ್ಕೆ ಕೂರುತ್ತಾನೆ, ಪಲ್ಯಕ್ಕೆ ಉಪ್ಪು ಕಡಿಮೆ ಎಂದು ತಾಟು ಬೀಸಿ ಒಗೆಯುತ್ತಾನೆ. ಹೆಂಡತಿ ಹೆದರಿ ಬೀಳುತ್ತಾಳೆ, ಏಳುತ್ತಾಳೆ, ಮತ್ತೆ ಬೀಳುತ್ತಾಳೆ. ಆಕೆ ಬಿದ್ದಷ್ಟೂ ಜನ ನಗುತ್ತಿದ್ದರು. ಪೆಟ್ಟಾಗದಿರಲೆಂದು ಆಕೆ ಕುಪ್ಪಸದ ತೋಳಿನೊಳಗೆ ಮೊಣಕೈಗೆ ಹಳೇ ಬಟ್ಟೆ ಸುತ್ತಿಕೊಳ್ಳುತ್ತಿದ್ದರು.

ಆ ದಿನ ಮಾಲಕರು ಕ್ಯಾಂಪಿನ ಪರವಾನಿಗೆ ಮುಂದುವರಿಸಲು ಮೊದಲ ಬಸ್ಸಿಗೆ ಗದಗಕ್ಕೆ ಹೋಗಿದ್ದರು. ಹಿಂದೆಲ್ಲ ಇದಕ್ಕೆ ಧಾರವಾಡಕ್ಕೆ ಹೋಗಿ ವಸ್ತಿ ಉಳಿಯಬೇಕಾಗುತ್ತಿತ್ತು. "ಈಗ ಜಿಲ್ಲಾ ನಮ್ಮ ಬಾಗಲಿಗೆ ಬಂದೈತಿ, ಊಟದ ಹೊತ್ತಿಗೆ ಬಂದಬಿಡ್ತೀನಿ" ಎಂದು ಹೇಳಿ ಹೋದವರು ಆಟ ಶುರುವಾದರೂ ಬರಲಿಲ್ಲ. ಮೊದಲ ಅಂಕ ಮುಗಿಯಿತು. ಹಾಸ್ಯದ ಸೀನು ಬರಬೇಕು. ಹೊರಗೆ ಹೆಂಗಸರು ಚಪ್ಪಾಳೆ ಬಡಿಯತೊಡಗಿದ್ದರು.

ಪರದೆ ಎಳೆಯುವವನು ಹಗ್ಗ ಹಿಡಿದು ನನ್ನ ಮುಖ ನೋಡಿದ. "ಎಳೀಲೋ ಬ್ಯಾಡೋ, ಹೇಳ್ರಿ ಮಾಸ್ತರ."

ನಾನು ಉತ್ತರ ಕೊಡುವುದರೊಳಗೆ ಆ ನಟಿ ಬಣ್ಣದ ಕೋಣೆಯಿಂದ ಬಂದರು. ಕೈಯಲ್ಲಿ ಮಾಲಕರು ರಂಗದ ಮೇಲೆ ತಲೆಗೆ ಹಾಕುವ, ಪೇಟದಂತೆ ಕಟ್ಟಿಟ್ಟ ರುಮಾಲು ಇತ್ತು.

"ಮಾಲಕರ ಮಾತು ನೀವು ಇಲ್ಲಿಂದ ಅನ್ರಿ. ಪಿಸಿಪಿಸಿ ಬ್ಯಾಡ, ಜೋರಲೆ ಅನ್ರಿ. ನಾ ಇದಕ್ಕ ಊಟಕ್ಕ ನೀಡ್ತೀನಿ."

ಪರದೆ ಸರಿಯಿತು. ಆಕೆ ರುಮಾಲನ್ನು ಕುರ್ಚಿಯ ಬೆನ್ನಿನ ತುದಿಗೆ ಕೂಡಿಸಿ, ತುಸು ಸೊಟ್ಟ ಮಾಡಿ, ಎದುರಿಗೆ ತಾಟು ಇಟ್ಟರು. ಪ್ರತಿಯಲ್ಲಿದ್ದಂತೆ ನಾನು ಒಳಗಿನಿಂದ, "ಏ, ಊಟಕ್ಕ ನೀಡು" ಎಂದೆ. ಅದಕ್ಕೆ ಆಕೆ "ಬಂದೆರಿ" ಎನ್ನಬೇಕು. ಎನ್ನಲಿಲ್ಲ. ಪ್ರೇಕ್ಷಕರ ಕಡೆ ತಿರುಗಿದರು.

"ನೀವರ ಹೇಳ್ರೆವಾ, ಮುಂಜಾನಿಂದ ಇಂವ ಎಲ್ಲಿದ್ದ?"

ಮುಂದಿನ ಸಾಲಿನಿಂದ ಯಾರೋ, "ಕಟ್ಟಿ ಮ್ಯಾಲ ಕುಂತಿದ್ದ" ಎಂದರು. ಪಕ್ಕದಲ್ಲಿ ಬುರ್ಖಾದ ಮುಸುಕು ಮೇಲೆತ್ತಿಕೊಂಡು ಕುಳಿತಿದ್ದ ಬಳೆಗಾರ್ತಿ ಒಬ್ಬರು, "ಇವತ್ತೇನ ಬಂತು, ಹುಟ್ಟಿದಾಗಿಂದ ಅಲ್ಲೇ ಕುಂತಾನ" ಎಂದು ಸೇರಿಸಿದರು. ಅವರು ಶಿರಹಟ್ಟಿಯವರು. ನಮ್ಮ ನಟಿಯರಿಗೆ ಬಳೆ ತೊಡಿಸಲು ಬರುತ್ತಿದ್ದುದರಿಂದ ನನಗೆ ಮುಖಪರಿಚಯವಿತ್ತು.

"ಪಾಪ, ಕುಂತು ಕುಂತು ಕಟ್ಟಿ ಸವದೈತಿ. ಮೊದಲ ಕಟ್ಟಿಗೆ ಎಣ್ಣಿ ಹಚ್ಚಿ ತಿಕ್ಕತೀನಿ. ಇವಂಗ ಊಟ ಆಮ್ಯಾಲೆ."

ನಾನು ದಾರಿಗೆ ತರಲೆಂದು ಮುಂದಿನ ಮಾತು ಕೊಟ್ಟೆ: "ಪಲ್ಯಾಕ್ಕ ಉಪ್ಪು ಕಡಿಮಿ ಆಗೇತಿ." ಇನ್ನು ಆಕೆ ಬೀಳಬೇಕು. ಆಕೆ ಬೀಳಲಿಲ್ಲ. ಖಾಲಿ ತಾಟನ್ನು ಎತ್ತಿ ಎಲ್ಲರಿಗೂ ತೋರಿಸಿದರು. ಆಮೇಲೆ ಸಾವಕಾಶ ರುಮಾಲಿನ ಹತ್ತಿರ ಬಗ್ಗಿದರು.

"ಉಪ್ಪು ಕಡಿಮಿ ಅಂತ ಆರು ರೊಟ್ಟಿ ತಿಂದ್ಯಲ್ಲೋ. ಸರಿ ಇದ್ದಿದ್ರ ನನ್ನೂ ತಿಂತಿದ್ದಿ ಏನು?"

ಆಗ ಬಂದ ನಗುವನ್ನು ಹೇಗೆ ಬರೆಯಬೇಕೋ ತಿಳಿಯುತ್ತಿಲ್ಲ. ಕಂಪನಿಯಲ್ಲಿ ಅಷ್ಟು ವರ್ಷ ದುಡಿದಿದ್ದರೂ ಹೆಂಗಸರು ಬಾಯಿಗೆ ಸೆರಗು ಹಿಡಿಯದೆ ನಕ್ಕದ್ದನ್ನು ನಾನು ಕೇಳಿರಲಿಲ್ಲ. ತಗಡು ಅದುರುತ್ತಿತ್ತು. ಬಳೆಗಾರ್ತಿ ಮುಸುಕಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ಹಾರ್ಮೋನಿಯಂ ನುಡಿಸುವ ಪೇಟಿ ಮಾಸ್ತರು ಪೇಟಿಯ ಮೇಲೆ ಹಣೆ ಇಟ್ಟು ನಗುತ್ತಿದ್ದರು. ನನ್ನ ಕೈಯಲ್ಲಿ ಪ್ರತಿ ಮುಚ್ಚಿತ್ತು. ಯಾವಾಗ ಮುಚ್ಚಿದೆನೋ ಗೊತ್ತಾಗಲಿಲ್ಲ.

ಸಂಜೆ ಮಾಲಕರು ಬಂದರು. ಕಡತ ಇನ್ನೂ ಧಾರವಾಡದಿಂದ ಬಂದಿಲ್ಲವೆಂದು ಹೇಳಿ ಕಳಿಸಿದ್ದರಂತೆ. ಅವರು ಸಿಟ್ಟಿನಲ್ಲೇ ಚಹಾ ಕುಡಿಯುತ್ತಿದ್ದರು. "ಆಟ ಹೆಂಗಾತು?" ಎಂದು ಕೇಳಿದರು.

ನಾನು ಹೇಳಿದೆ. ಎದ್ದು ನಿಂತು, ಒಂದು ಕುರ್ಚಿ ಎಳೆದುಕೊಂಡು, ಹೆಗಲ ಮೇಲಿನ ಟವೆಲ್ಲನ್ನು ರುಮಾಲು ಮಾಡಿ, ಆಕೆಯ ಮಾತು ಒಂದನ್ನೂ ಬಿಡದೆ ಹೇಳಿದೆ. ಎಲ್ಲಿ ತಡೆದರು, ಎಲ್ಲಿ ಬಗ್ಗಿದರು ಎಂಬುದನ್ನೂ ಮಾಡಿ ತೋರಿಸಿದೆ. ಮಾಲಕರು ನಕ್ಕರು. ಸುತ್ತ ನಿಂತವರೂ ನಕ್ಕರು. ಮರೆಯಲ್ಲಿ ನಿಂತು ಪಿಸುಗುಟ್ಟುವ ನನ್ನ ಮಾತಿಗೆ ಅಷ್ಟು ಜನ ನಕ್ಕದ್ದು ಅದೇ ಮೊದಲು. ಹಿತವಾಯಿತು. ಅದನ್ನು ಮುಚ್ಚಿಟ್ಟರೆ ಮುಂದಿನದು ಅರ್ಥವಾಗುವುದಿಲ್ಲ.

ಮುಂದಿನ ಭಾನುವಾರ ಸಂಜೆಯ ಆಟಕ್ಕೆ ಮೊದಲು ಮಾಲಕರು ನನ್ನನ್ನು ಕರೆದರು. "ನೀವು ಹಿಂದಕ ಹೆಣ್ಣಪಾತ್ರ ಮಾಡೀರಂತಲ್ರಿ ಮಾಸ್ತರ. ಆ ದನಿ ಇನ್ನೂ ಐತೋ ಹೋಗೇತೋ?"

ಇತ್ತು. ಡಂಬಳದಲ್ಲಿ ನಾನು ಹರೆಯದವನಿದ್ದಾಗ ಊರ ನಾಟಕಗಳಿಗೆ ಗದಗಿನಿಂದ ನಟಿಯರನ್ನು ಕರೆಸುವ ರೂಢಿ ಇನ್ನೂ ಬಂದಿರಲಿಲ್ಲ. ಮೀಸೆ ಬರುವವರೆಗೆ, ಬಂದ ಮೇಲೆ ಬೋಳಿಸಿಕೊಂಡು, ಹೆಣ್ಣಿನ ಪಾತ್ರಗಳನ್ನು ನಾನೇ ಮಾಡುತ್ತಿದ್ದೆ.

ಆ ಸಂಜೆ ಮಾಲಕರು ಕುರ್ಚಿಯ ಮೇಲೆ ಒಂದು ಸೀರೆ ಹೊದಿಸಿದರು. ಆ ಪಾತ್ರಕ್ಕೆ ಆಕೆ ಉಡುತ್ತಿದ್ದ ಸೀರೆ.

"ನೋಡ್ರಪಾ, ಹೆಂಡ್ತಿ ಅಂದ್ರ ಹಿಂಗಿರಬೇಕು. ಕುಂದ್ರಿಸಿದಲ್ಲೇ ಕುಂದರ್ತಾಳ" ಎಂದರು. ಗಂಡಸರು ಸೀಟಿ ಹೊಡೆದರು. ನಾನು ಒಳಗಿನಿಂದ ಹೆಣ್ಣುದನಿ ತೆಗೆದು, "ಇನ್ನೊಂದು ರೊಟ್ಟಿ ನೀಡ್ರಿ" ಎಂದೆ. "ಉಪ್ಪು ಕಡಿಮಿ ಅಂತ ಆರು ರೊಟ್ಟಿ ತಿಂದ್ಯಲ್ಲೇ, ಸರಿ ಇದ್ದಿದ್ರ ನನ್ನೂ ತಿಂತಿದ್ದಿ ಏನು?" ಎಂದು ಮಾಲಕರು ಸೀರೆಗೆ ಕೇಳಿದರು. ಥೇಟರು ತುಂಬ ನಗು.

ಆಕೆ ನನ್ನ ಪಕ್ಕದಲ್ಲೇ ನಿಂತಿದ್ದರು, ಕೈ ಚಾಚಿದರೆ ಮುಟ್ಟುವಷ್ಟು ಹತ್ತಿರ. ನಾನು ನನ್ನ ಮುಂದಿನ ಮಾತಿಗೆ ಬಾಯಿ ತೆರೆದಾಗ ನನ್ನ ತೋಳು ಹಿಡಿದು ತಡೆದರು.

"ತಡೀರಿ ಮಾಸ್ತರ, ನಗೂ ಇಳೀಲಿ." ಎರಡು ಉಸಿರಿನಷ್ಟು ಕಾದು, "ಹಾಂ, ಈಗ ಅನ್ರಿ" ಎಂದರು.

ಅವರು ಹೇಳಿದಲ್ಲಿ ಅಂದೆ. ನಗು ಇಮ್ಮಡಿಯಾಯಿತು.

ಅಲ್ಲಿಂದ ಕ್ಯಾಂಪು ಮುಂಡರಗಿಗೆ ಹೋಯಿತು. ಅಲ್ಲಿ ತಾಲೀಮಿನ ಹೊತ್ತಿನಲ್ಲಿ ಮಾಲಕರು, ಇನ್ನು ಮುಂದೆ ನಾಯಕನ ತಾಯಿಯ ಪಾತ್ರ ಮಾಡು ಎಂದು ಆಕೆಗೆ ಹೇಳಿದರು. ಆ ತಾಯಿ ಎರಡು ಸಲ ಬಂದು ಅತ್ತು ಹೋಗುತ್ತಾಳೆ, ಅಷ್ಟೆ.

"ನಾ ನಗಸಾಕ ಬಂದಾಕಿ ಅದೀನ್ರಿ, ಅಳಾಕ ಅಲ್ಲ" ಎಂದರು ಆಕೆ.

"ನಗಸಾಕ ನಾ ಅದೀನಲ್ಲವಾ. ನಿಂದು ಬೀಳೂ ಕೆಲಸಿತ್ತು, ಈಗ ಅದೂ ತಪ್ಪಿತು. ಮೊಣಕಾಲರ ಉಳೀತಾವು."

ಇಬ್ಬರು ಮೂವರು ನಕ್ಕರು. ಆಕೆ ನಗಲಿಲ್ಲ. "ಕುರ್ಚಿ ಸೀನು ನಂದು. ಅದನ್ನ ನನಗ ಕೊಡ್ರಿ, ಇಲ್ಲಾ ನಾ ಇರೂದಿಲ್ಲ" ಎಂದರು.

"ನಿಂದು ಅನ್ನಾಕ ಏನೈತಿ?"

ಆಕೆ ನನ್ನ ಕಡೆ ತಿರುಗಿದರು. "ಮಾಸ್ತರ, ನೀವು ನಿಂತು ನೋಡೀರಿ. ನೀವ ಹೇಳ್ರಿ, ಅದು ಯಾರ ಸೀನು?"

ನನ್ನ ಕೈಯಲ್ಲಿ ಪ್ರತಿ ಇತ್ತು. ಅದರ ಹಾಳೆ ತಿರುವಿದೆ. ತಿರುವುವ ಅಗತ್ಯ ಇರಲಿಲ್ಲ, ಪೂರ್ತಿ ನಾಟಕ ನನಗೆ ಬಾಯಿಪಾಠ. "ಪ್ರತಿಯೊಳಗ ಆ ಸೀನು ಇಲ್ಲರಿ" ಎಂದೆ.

ಅದು ಖರೆ ಮಾತು. ಪ್ರತಿಯಲ್ಲಿ ಇರಲಿಲ್ಲ. ಈ ಬರಹದಲ್ಲಿ ನಾನು ಎಲ್ಲವನ್ನೂ ಇದ್ದದ್ದು ಇದ್ದ ಹಾಗೆ ಹೇಳಲು ಹೆಣಗುತ್ತಿದ್ದೇನೆ. ಆ ದಿನವೂ ಹಾಗೆಯೇ ಹೇಳಿದೆ, ಒಂದಕ್ಷರ ಸುಳ್ಳಿಲ್ಲದೆ. ಆಕೆ "ಆತು ಬಿಡ್ರಿ" ಎಂದರು. ಮರುದಿನ ಮುಂಜಾನೆ ಟ್ರಂಕಿನೊಂದಿಗೆ ಗದಗಿನ ಬಸ್ಸು ಹತ್ತಿದರು. ನಾನು ಬಸ್ ಸ್ಟ್ಯಾಂಡಿನವರೆಗೂ ಹೋಗಲಿಲ್ಲ.

ಕುರ್ಚಿ ಸೀನು ಕಂಪನಿಗೆ ದೊಡ್ಡ ಹೆಸರು ತಂದಿತು. ಕಂಪನಿ ಮುಚ್ಚುವವರೆಗೂ ಆ ಸೀರೆಗೆ ನಾನೇ ದನಿಯಾಗಿದ್ದೆ. ಮಾಲಕರು ತೀರಿಕೊಂಡ ಮೇಲೆ ಗದಗಿನಲ್ಲಿ ಒಂದು ಸ್ಮರಣೆಯ ಸಭೆ ಮಾಡಿದರು. ಒಬ್ಬ ಭಾಷಣಕಾರರು, ನಟಿಯೇ ಇಲ್ಲದೆ ಬರಿಯ ಸೀರೆಯಿಂದ ನಗಿಸುವುದು ಮಾಲಕರಿಗಲ್ಲದೆ ಯಾರಿಗೂ ಹೊಳೆಯುತ್ತಿರಲಿಲ್ಲ ಎಂದರು. ಆ ದನಿ ನನ್ನದೆಂದು ನನ್ನನ್ನು ವೇದಿಕೆಗೆ ಕರೆದು ಶಾಲು ಹೊದಿಸಿದರು. ಮೈಕ್ ಕೈಗೆ ಕೊಟ್ಟರು. ನಾನು ನಮಸ್ಕಾರ ಹೇಳಿ ಇಳಿದೆ. ಆ ಶಾಲು ಮನೆಯಲ್ಲಿದೆ. ಹೊದ್ದಿಲ್ಲ, ಯಾರಿಗೂ ಕೊಟ್ಟೂ ಇಲ್ಲ.

ಅದಕ್ಕೇ ಇದನ್ನು ಬರೆದೆ. ನನ್ನ ಮಾತೊಂದನ್ನೇ ನಂಬಬೇಕಾಗಿಲ್ಲ, ಆ ಸೀನು ಯಾರದೆಂದು ಅಂದು ಅಲ್ಲಿದ್ದವರನ್ನು ಕೇಳಬಹುದು. ಪೇಟಿ ಮಾಸ್ತರು ಈಗಿಲ್ಲ. ಪರದೆ ಎಳೆಯುತ್ತಿದ್ದವನು ಬೆಟಗೇರಿಯಲ್ಲಿದ್ದಾನೆ, ಕಿವಿ ಮಂದವಾಗಿದೆ, ನೆನಪು ಚೆನ್ನಾಗಿದೆ. ಬಳೆಗಾರ್ತಿ ಶಿರಹಟ್ಟಿಯಲ್ಲಿದ್ದಾರೆ. ಅಂಗಡಿಯಲ್ಲಿ ಈಗ ಸೊಸೆ ಕೂರುತ್ತಾಳೆ, ಅವರು ಒಳಗೆ ಮಂಚದ ಮೇಲಿರುತ್ತಾರೆ. ಆ ನಟಿಯೂ ಇದ್ದಾರೆ, ಗದಗಿನಲ್ಲಿ ಮಗಳ ಮನೆಯಲ್ಲಿ. ಕಂಪನಿ ಬಿಟ್ಟ ಮೇಲೆ ಬಹಳ ವರ್ಷ ಹಳ್ಳಿಯ ನಾಟಕಗಳಿಗೆ ತಾಯಿಯ ಪಾತ್ರಕ್ಕೆ ಹೋಗುತ್ತಿದ್ದರೆಂದು ಕೇಳಿದ್ದೇನೆ, ನೋಡಿಲ್ಲ. ಇನ್ನು ಆ ಮಧ್ಯಾಹ್ನ ಥೇಟರಿನಲ್ಲಿ ಕುಳಿತಿದ್ದ ಲಕ್ಷ್ಮೇಶ್ವರದ, ಸುತ್ತಲಿನ ಹಳ್ಳಿಗಳ ಹೆಂಗಸರು. ಅವರ ಹೆಸರು ನನಗೆ ತಿಳಿಯದು. ಅಂದು ಮಡಿಲಲ್ಲಿ ಕೂಸು ಹಾಕಿಕೊಂಡು ನಕ್ಕವರಿಗೆ ಈಗ ಐವತ್ತರ ಹತ್ತಿರ ವಯಸ್ಸಾಗಿರಬೇಕು.